ಒಂಬತ್ತು ವರ್ಷದ ಮನೆಯೊಡತಿ

ಸ್ಟಾವೆಲೆ ಎಂಬ ಹಳ್ಳಿಯಲ್ಲಿ ಬ್ರೆಡ್ ಬೇಯಿಸುತ್ತಿದ್ದವನು ಮೌರಿತ್ಸ್. ಅದನ್ನು ಮನೆಮನೆಗೆ ಮುಟ್ಟಿಸುತ್ತಿದ್ದವಳು ಅವನ ಹೆಂಡತಿ ಸಿಡೋನಿ. ಗಂಡ ದಿನವಿಡೀ ಆಡುತ್ತಿದ್ದ ಮಾತನ್ನೆಲ್ಲ ಒಂದು ಪುಟ್ಟ ಬನ್ನಿನೊಳಗೆ ತುಂಬಬಹುದಿತ್ತು. ಹೆಂಡತಿಯ ಸಂಗತಿಯೇ ಬೇರೆ. ಅವಳ ಗಾಡಿಯ ಕುದುರೆ ಯಾವ ಬಾಗಿಲ ಮುಂದೆ ನಿಂತರೂ ಒಂದು ಹಿಂಗಾಲನ್ನು ಸಡಿಲಬಿಟ್ಟು ಕಣ್ಣು ಮುಚ್ಚಿಬಿಡುತ್ತಿತ್ತು. ಇನ್ನು ಇಲ್ಲಿಂದ ಹೊರಡುವುದು ಬೇಗ ಆಗುವ ಮಾತಲ್ಲವೆಂದು ಅದಕ್ಕೂ ತಿಳಿದುಹೋಗಿತ್ತು.

"ಎಲ್ಲಾ ಕಿಟಕಿಗೂ ಹಸಿರು ಬಳಿದು ಅದೊಂದಕ್ಕೆ ಮಾತ್ರ ಯಾಕೆ ನೀಲಿ?" ಎಂದು ಕೇಳುವಳು. "ನಿಮ್ಮಜ್ಜಿ ಫ್ರಾನ್ಸಿಗೆ ಹೋದವರು ಯಾಕೆ ಅಷ್ಟು ಬೇಗ ವಾಪಸ್ ಬಂದ್ರು?" ಎಂದು ಕೇಳುವಳು. ಊರಿನವರು ಅವಳ ಗಾಡಿಯ ಗಂಟೆ ಕೇಳಿಸಿದೊಡನೆ ಚೀಲದ ಜೊತೆ ಉತ್ತರವನ್ನೂ ಸಿದ್ಧ ಮಾಡಿಟ್ಟುಕೊಳ್ಳುತ್ತಿದ್ದರು. ಆದರೆ ಒಂದು ಮಾತು ಹೇಳಬೇಕು: ಒಂದು ಮನೆಯಲ್ಲಿ ಕೇಳಿದ್ದನ್ನು ಅವಳು ಇನ್ನೊಂದು ಮನೆಗೆ ಒಯ್ಯುತ್ತಿರಲಿಲ್ಲ. ಚಾಡಿ ಅವಳ ಸ್ವಭಾವವಲ್ಲ. ತಿಳಿಯದೆ ಇರುವುದು ಅವಳ ಕೈಲಿ ಆಗುತ್ತಿರಲಿಲ್ಲ, ಅಷ್ಟೇ.

ಅದಕ್ಕೆ ಕಾರಣವನ್ನು ಅವಳೇ ಹೇಳುತ್ತಿದ್ದಳು. ಅವಳು ಹುಟ್ಟಿದ್ದು ದೋಣಿಯ ಮೇಲೆ. ಅಪ್ಪ ಕಾಲುವೆಗಳಲ್ಲಿ ಇಟ್ಟಿಗೆ ಸಾಗಿಸುವವನು. ಮದುವೆಯಾಗುವವರೆಗೂ ಅವಳು ನೋಡಿದ್ದು ಮನೆಗಳ ಹಿಂಬದಿಯನ್ನೇ. ಒಂದು ಹಿತ್ತಿಲಲ್ಲಿ ಹೆಂಗಸೊಬ್ಬಳು ಅಳುತ್ತಾ ಬಟ್ಟೆ ಒಣಹಾಕುತ್ತಿರುವಳು. ದೋಣಿ ಮುಂದಕ್ಕೆ ಹೋಗಿಬಿಡುವುದು. ಇನ್ನೊಂದು ಹಿತ್ತಿಲಲ್ಲಿ ಗಂಡಸೊಬ್ಬ ಕುರ್ಚಿಯನ್ನು ಕೊಡಲಿಯಿಂದ ಕಡಿಯುತ್ತಿರುವನು. ದೋಣಿ ಅಲ್ಲಿಯೂ ನಿಲ್ಲುವುದಿಲ್ಲ. ಅವಳು ಯಾಕೆ ಅತ್ತಳು, ಇವನು ಯಾಕೆ ಕಡಿದ ಎಂದು ಹೇಳುವವರೇ ಇಲ್ಲ. "ಹದಿನೆಂಟು ವರ್ಷ ಬರೀ ಅರ್ಧರ್ಧ ಕಥೆ ನೋಡಿದೀನಿ ಕಣ್ರೀ," ಎನ್ನುತ್ತಿದ್ದಳು. "ಈಗ ಗಾಡಿ ನಂದು. ನಾನು ಹೇಳಿದ ಕಡೆ ನಿಲ್ಲುತ್ತೆ."

ಎರಡನೆಯ ಮಹಾಯುದ್ಧ ಮುಗಿದು ಒಂಬತ್ತು ವರ್ಷವಾಗಿದ್ದಾಗ, ಮಾರ್ಚ್ ತಿಂಗಳಿನಲ್ಲಿ, ವ್ಯೂರ್ನ ಪಟ್ಟಣದ ಕೋರ್ಟಿನಿಂದ ಅವಳಿಗೆ ಕರೆ ಬಂತು. ಸೇತುವೆಯ ಪಕ್ಕದ ಮನೆಯ ಲೀವಳ ವಿಷಯ.

ಲೀವ ಆಗ ಒಂಬತ್ತು ವರ್ಷದ ಹುಡುಗಿ. ತಾಯಿ ಬ್ಲಾಂಶ್ ಎದೆರೋಗದಿಂದ ತೀರಿಕೊಂಡಿದ್ದಳು. ತಂದೆ ಜೆರೋಮ್ ಹಿಂದಿನ ಸುಗ್ಗಿಯಲ್ಲಿ ಹುಲ್ಲಿನ ಕೊಟ್ಟಿಗೆಯ ಮಾಡಿನಿಂದ ಜಾರಿ ಬಿದ್ದು ಸತ್ತ. ಹುಡುಗಿಯನ್ನು ಜೆರೋಮನ ಅಣ್ಣ ಸಿರೀಲ್ ಮತ್ತವನ ಹೆಂಡತಿ ಅಲೀಡಾ ತಮ್ಮ ಬಾಡಿಗೆ ಗುಡಿಸಲಿಗೆ ಕರೆದುಕೊಂಡು ಹೋದರು. ಅವರಿಗೆ ಮಕ್ಕಳಿರಲಿಲ್ಲ. ಕೋರ್ಟು ಸಿರೀಲನನ್ನೇ ಪಾಲಕನನ್ನಾಗಿ ನೇಮಿಸಿತು. ಸೇತುವೆಯ ಮನೆ ಲೀವಳ ಹೆಸರಿಗೆ ಬಂದು, ಬೀಗ ಹಾಕಿಕೊಂಡು ಕೂತಿತ್ತು.

ಈಗ ಸಿರೀಲ್ ಆ ಮನೆಯನ್ನು ಮಾರಲು ಅಪ್ಪಣೆ ಕೇಳಿದ್ದ. ಮಗುವಿನ ಆಸ್ತಿಯನ್ನು ಪಾಲಕ ತನ್ನಿಷ್ಟಕ್ಕೆ ಮಾರುವಂತಿಲ್ಲ. ಜಡ್ಜಿನ ಮುಂದೆ ತಂದೆಯ ಕಡೆಯ ಮೂವರು, ತಾಯಿಯ ಕಡೆಯ ಮೂವರು ನೆಂಟರು ಕುಳಿತು, ಮಾರುವುದು ಮಗುವಿಗೆ ಒಳ್ಳೆಯದೋ ಅಲ್ಲವೋ ಎಂದು ಹೇಳಬೇಕು. ತಂದೆಯ ಕಡೆ ದಾಯಾದಿಗಳು ಬೇಕಾದಷ್ಟಿದ್ದರು. ತಾಯಿಯ ಕಡೆ ಯಾರೂ ಇಲ್ಲ. ಬ್ಲಾಂಶಳನ್ನು ಹಸುಗೂಸಾಗಿದ್ದಾಗಲೇ ಯಾರೋ ಕ್ರೈಸ್ತ ಸನ್ಯಾಸಿನಿಯರ ಬಾಗಿಲಲ್ಲಿ ಬಿಟ್ಟುಹೋಗಿದ್ದರು. ಅಂಥ ಕಡೆ ಪರಿಚಯದವರನ್ನೇ ನೆಂಟರ ಜಾಗದಲ್ಲಿ ಕೂರಿಸುವುದು ವಾಡಿಕೆ. ಕಮ್ಮಾರ ಓದೀಲ್ ಮತ್ತು ಚರ್ಚಿನ ಗಂಟೆ ಬಾರಿಸುವ ಪ್ರಾಸ್ಪರ್ ಮೊದಲೇ ಇದ್ದರು. ಮೂರನೆಯವಳಾಗಿದ್ದ ದರ್ಜಿ ಹೆಂಗಸು ಮದುವೆಯಾಗಿ ಫ್ರಾನ್ಸಿಗೆ ಹೋಗಿದ್ದಳು. ಬ್ಲಾಂಶ್ ಬದುಕಿದ್ದಾಗ ಹೆಚ್ಚು ಹೊತ್ತು ಮಾತಾಡುತ್ತಿದ್ದದ್ದು ಯಾರ ಜೊತೆ ಎಂದು ವಿಚಾರಿಸಿದಾಗ ಊರಿನವರು ಬ್ರೆಡ್ ಗಾಡಿಯ ಸಿಡೋನಿಯ ಹೆಸರು ಹೇಳಿದರು.

ಸುದ್ದಿ ಕೇಳಿ ಮೌರಿತ್ಸ್ ಹಿಟ್ಟಿನ ಕೈಯನ್ನು ಒರೆಸಿಕೊಂಡ. "ಜಡ್ಜಿಗೆ ಪಾಪ, ನಿನ್ನ ವಿಷಯ ಯಾರೂ ಹೇಳಿಲ್ಲ," ಎಂದ. ಅವತ್ತಿನ ಮಟ್ಟಿಗೆ ಅವನಿಗೆ ಅದು ದೊಡ್ಡ ಭಾಷಣ.

ಕೋರ್ಟಿನ ಕೋಣೆಯಲ್ಲಿ ಉದ್ದನೆಯ ಮೇಜು, ಹೊಗೆಯಾಡುವ ಕಬ್ಬಿಣದ ಒಲೆ. ಜಡ್ಜ್ ಲಾಮರ್ಟೈನ್‌ಗೆ ನೆಗಡಿ; ಪ್ರತಿ ವಾಕ್ಯದ ಕೊನೆಗೂ ಕರವಸ್ತ್ರ. ಮೇಜಿನ ಒಂದು ಬದಿಗೆ ತಂದೆಯ ಕಡೆಯ ಮೂವರು ದಾಯಾದಿಗಳು. ಅಗಸೆ ನಾರಿನ ಕಾರ್ಖಾನೆಯ ಧೂಳು ಅವರ ಕೋಟಿನ ಮೇಲೆ ಇನ್ನೂ ಇತ್ತು. ಇನ್ನೊಂದು ಬದಿಗೆ ಓದೀಲ್, ಪ್ರಾಸ್ಪರ್, ಸಿಡೋನಿ. ತುದಿಯಲ್ಲಿ ಸಿರೀಲ್, ಟೋಪಿಯನ್ನು ಮಂಡಿಯ ಮೇಲಿಟ್ಟುಕೊಂಡು. ಐವತ್ತು ದಾಟಿದ, ಹಾಲಿನ ಡೇರಿಯಲ್ಲಿ ದುಡಿಯುವ, ಗಟ್ಟಿ ಮೈಯ ಮನುಷ್ಯ.

ಜಡ್ಜ್ ವಿಷಯ ತಿಳಿಸಿದರು. ಮಗುವಿನ ಮನೆ ಮಾರಬೇಕೆಂದರೆ ನಾಲ್ಕು ಜನರ ಮುಂದೆ ಹರಾಜು ಹಾಕುವುದು ಕ್ರಮ. ಇಲ್ಲಿ ಪಾಲಕ ಹರಾಜು ಬೇಡವೆನ್ನುತ್ತಿದ್ದಾನೆ. ಪೋಪರಿಂಗ ಊರಿನ ಕುದುರೆ ವ್ಯಾಪಾರಿ ಗಾಸ್ಟನ್ ಎಂಬವರು, ಆಸ್ತಿ ಪತ್ರ ಮಾಡುವ ನೋಟರಿ ಕಟ್ಟಿದ ಬೆಲೆಗಿಂತ ಹೆಚ್ಚೇ ಕೊಡಲು ಒಪ್ಪಿದ್ದಾರೆ. ಮನೆಯ ಮಾಡು ಸೋರುತ್ತಿದೆ. ಖಾಲಿ ಬಿಟ್ಟಷ್ಟೂ ಹಾಳಾಗುತ್ತದೆ. ಹಣ ಬ್ಯಾಂಕಿನಲ್ಲಿ ಮಗುವಿನ ಹೆಸರಲ್ಲಿ ಇರುತ್ತದೆ.

"ನಂದೇನೂ ತಕರಾರಿಲ್ಲ," ಎಂದ ಓದೀಲ್. ಪಾಲಕನ ಮೇಲೆ ಕಣ್ಣಿಡುವ ಮೇಲ್ವಿಚಾರಕನೆಂದು ಕೋರ್ಟು ಅವನನ್ನೇ ನೇಮಿಸಿತ್ತು; ಅವನ ಕಣ್ಣು ಗಡಿಯಾರದ ಮೇಲಿತ್ತು. ಪ್ರಾಸ್ಪರ್ ತಲೆಯಾಡಿಸಿದ. ದಾಯಾದಿಗಳೂ ತಲೆಯಾಡಿಸಿದರು. ಜಡ್ಜ್ ಸಿಡೋನಿಯ ಕಡೆ ನೋಡಿದರು.

"ಒಂದು ಕೇಳ್ಲಾ ಸ್ವಾಮಿ?" ಎಂದಳು ಸಿಡೋನಿ.

ಓದೀಲ್ ಮೇಜಿನ ಕೆಳಗೆ ಕಾಲು ಚಾಚಿ, ಇನ್ನು ಆಯಿತು ಎನ್ನುವಂತೆ ಒರಗಿ ಕುಳಿತ.

"ಈ ಗಾಸ್ಟನ್ ಅನ್ನೋರು ಮನೆ ನೋಡಿದಾರಾ?"

"ನೋಡಿರಬೇಕು," ಎಂದರು ಜಡ್ಜ್. "ಸಿರೀಲ್ ಅವರೇ?"

"ಹೊರಗಿಂದ ನೋಡಿದಾರೆ," ಎಂದ ಸಿರೀಲ್.

"ಹೊರಗಿಂದಾನಾ? ಕುದುರೆ ಕೊಳ್ಳೋವಾಗ ಬಾಯಿ ತೆಗೆಸಿ ಹಲ್ಲು ಎಣಿಸೋ ಮನುಷ್ಯ, ಮನೆ ಕೊಳ್ಳೋವಾಗ ಬಾಗಿಲೂ ತೆಗೆಸಲಿಲ್ವಾ? ಅದೂ ಮಾಡು ಸೋರೋ ಮನೆ. ಅದಕ್ಕೆ ಹೆಚ್ಚು ದುಡ್ಡು ಬೇರೆ. ಯಾಕಂತೆ?"

ದಾಯಾದಿಯೊಬ್ಬ ನಕ್ಕ. ಸಿರೀಲನ ಕಿವಿ ಕೆಂಪಾಯಿತು. "ದುಡ್ಡು ಜಾಸ್ತಿ ಬಂದ್ರೆ ಹುಡುಗೀಗೆ ತಾನೆ ಲಾಭ? ಇವಳಿಗೇನು ಹೊಟ್ಟೆನೋವು?"

"ಹೊಟ್ಟೆನೋವೇನಿಲ್ಲ ಸಿರೀಲ್. ಗೊತ್ತಾಗಲಿಲ್ಲ, ಕೇಳ್ದೆ."

ಜಡ್ಜ್ ಮೂಗು ಒರೆಸಿಕೊಂಡರು. ಆಮೇಲೆ, ನನಗೂ ಗೊತ್ತಾಗಲಿಲ್ಲ, ಈಸ್ಟರ್ ಹಬ್ಬ ಕಳೆದ ಮೇಲೆ ಮತ್ತೆ ಕೂಡೋಣ ಎಂದು ಎದ್ದರು.

ಅಲ್ಲಿಗೆ ಸಿಡೋನಿಗೆ ನಿದ್ದೆ ಬರುವುದು ನಿಂತುಹೋಯಿತು. ಸಿರೀಲ್ ಕೆಟ್ಟವನೆಂದು ಅವಳಿಗೆ ಅನ್ನಿಸಿರಲಿಲ್ಲ. ಅವನು ತಂದ ಬೆಲೆಯಲ್ಲಿ ಮೋಸವಿರಲಿಲ್ಲ. ಅದೇ ಅವಳನ್ನು ಕೊರೆಯುತ್ತಿದ್ದದ್ದು. ಕಡಿಮೆಗೆ ಹೊಡೆದುಕೊಳ್ಳುವವರನ್ನು ಅವಳು ನೋಡಿದ್ದಳು. ಹೆಚ್ಚು ಕೊಟ್ಟೂ ಏನನ್ನೋ ಬಚ್ಚಿಟ್ಟುಕೊಳ್ಳುವವರನ್ನು ನೋಡಿರಲಿಲ್ಲ.

ಒಂದು ಬೆಳಗ್ಗೆ ಬ್ರೆಡ್ ಗಾಡಿ ಸೇತುವೆ ದಾಟುವಾಗ ಅವಳು ಲಗಾಮು ಎಳೆದಳು. ಬೀಗ ಹಾಕಿದ ಮನೆಯ ಅಂಗಳದಲ್ಲಿ ಸಿರೀಲ್ ಏಣಿಯ ಮೇಲೆ ನಿಂತಿದ್ದ. ದಕ್ಷಿಣದ ಗೋಡೆಗೆ ಹಬ್ಬಿಸಿದ್ದ ಪಿಯರ್ ಹಣ್ಣಿನ ಮರದ ರೆಂಬೆಗಳನ್ನು ಒಂದೊಂದಾಗಿ ಕತ್ತರಿಸಿ, ಉಳಿದವನ್ನು ಹಂಬಿನಿಂದ ಕಂಬಿಗೆ ಕಟ್ಟುತ್ತಿದ್ದ. ಅವಸರವಿಲ್ಲ. ಒಂದು ಗಂಟು ಹಾಕುವುದು, ಹಿಂದಕ್ಕೆ ಬಾಗಿ ನೋಡುವುದು, ಮತ್ತೆ ಬಿಚ್ಚಿ ಕಟ್ಟುವುದು.

"ಸಿರೀಲ್," ಎಂದು ಕೂಗಿದಳು, "ಆ ಮರ ಮುಂದಿನ ವರ್ಷ ಪೋಪರಿಂಗದೋರಿಗೆ ಕಾಯಿ ಬಿಡುತ್ತಾ?"

ಅವನು ಏಣಿಯ ಮೇಲೆಯೇ ತಿರುಗಿದ. "ನಿನ್ನ ಬ್ರೆಡ್ ಆರಿ ಕಲ್ಲಾಗುತ್ತೆ, ಹೋಗು."

"ಮಾರೋ ಮನೆ ಮರಾನ ಇಷ್ಟು ಚೆನ್ನಾಗಿ ಯಾರಾದ್ರೂ ಕಟ್ತಾರಾ?"

"ಹೋಗು ಅಂದೆ."

ಮುಂದಿನ ಸೋಮವಾರ ಸಂತೆಗೆ ಬಂದಿದ್ದ ಗಾಸ್ಟನ್‌ನನ್ನು ಅವಳು ಹೋಟೆಲಿನ ಮುಂದೆ ಹಿಡಿದಳು. ದಪ್ಪ ಮೀಸೆಯ, ನಗುಮುಖದ ಗಂಡಸು. ಒಣದ್ರಾಕ್ಷಿಯ ಬ್ರೆಡ್ಡಿನ ಒಂದು ಹೋಳು ಕೈಗಿತ್ತು, ಸೇತುವೆ ಮನೆಯ ಬಾವಿಯ ಮಾತು ತೆಗೆದಳು. "ಬೇಸಿಗೆಯಲ್ಲಿ ನೀರು ಕಂದು ಬಣ್ಣಕ್ಕೆ ತಿರುಗುತ್ತೆ. ನಿಮಗೆ ಯಾರಾದ್ರೂ ಹೇಳಿದ್ರಾ?"

"ನೀರು ಕಂದಾದ್ರೆ ನನಗೇನಮ್ಮ, ಕಪ್ಪಾದ್ರೆ ನನಗೇನು?" ಎಂದು ಗಾಸ್ಟನ್ ಬಾಯಿ ತುಂಬ ಅಗಿಯುತ್ತ ನಕ್ಕ. "ಕುಡಿಯೋನು ಅಲ್ಲೇ ಹುಟ್ಟಿದೋನು. ಅವನಿಗೆ ಅಭ್ಯಾಸ ಇದೆ."

ಹೇಳಿದ ಮೇಲೆ ಅವನ ಅಗಿತ ನಿಂತಿತು. ಅಲ್ಲೇ ಹುಟ್ಟಿದ ಗಂಡಸರು ಇಬ್ಬರೇ, ಅಣ್ಣ ತಮ್ಮ: ಒಬ್ಬ ಮಣ್ಣಿನಲ್ಲಿದ್ದ, ಇನ್ನೊಬ್ಬ ಏಣಿಯ ಮೇಲೆ.

ಅವಳು ನೇರ ಅಲೀಡಾಳ ಹತ್ತಿರ ಹೋದಳು. ಹೋದದ್ದು ಕೇಳುವುದಕ್ಕೆ, ಹೇಳುವುದಕ್ಕಲ್ಲ. ಅಲೀಡಾ ಮಜ್ಜಿಗೆ ಗಂಜಿ ಕದಡುತ್ತಿದ್ದಳು. ಲೀವ ಕಿಟಕಿಯ ಹತ್ತಿರ ಕುಳಿತು ಗೊಂಬೆಯ ಕೂದಲನ್ನು ಎಳೆಎಳೆಯಾಗಿ ಬಿಡಿಸಿ ಹೆಣೆಯುತ್ತಿದ್ದಳು. ಹುಡುಗಿಯನ್ನು ಕೋಳಿಗೆ ಕಾಳು ಹಾಕಲು ಕಳಿಸಿ ಸಿಡೋನಿ ಕೇಳಿದಳು: "ಅಲೀಡಾ, ನೀವು ಸೇತುವೆ ಮನೆಗೆ ಯಾವಾಗ ಹೋಗ್ತೀರಾ?"

"ನಾವಾ? ಅಲ್ಲಿಗ್ಯಾಕೆ ಹೋಗ್ತೀವಿ? ಅದು ಮಾರಿ ಹೋಗ್ತಿದೆಯಲ್ಲ."

"ಹೌದಾ? ಗಾಸ್ಟನ್ ಬೇರೆ ತರ ಅಂದ."

ಅಲೀಡಾ ಸೌಟನ್ನು ಎತ್ತಿ ಹಿಡಿದಳು. ಗಂಜಿ ಒಲೆಯ ಮೇಲೆ ತೊಟ್ಟಿಕ್ಕಿತು. ಅವಳಿಗೆ ಏನೊಂದೂ ಗೊತ್ತಿರಲಿಲ್ಲ ಎಂಬುದು ಆ ಕ್ಷಣದಲ್ಲಿ ಸಿಡೋನಿಗೆ ತಿಳಿಯಿತು. ತಾನು ಕೇಳಬಾರದವರನ್ನು ಕೇಳಿಬಿಟ್ಟೆ ಎಂಬುದೂ ತಿಳಿಯಿತು. "ಬ್ರೆಡ್ ಅಲ್ಲಿಟ್ಟು ಹೋಗಿ," ಎಂದಳು ಅಲೀಡಾ, ಅವಳ ಕಡೆ ನೋಡದೆ. ಮರುದಿನ ಆ ಮನೆಯ ಬಾಗಿಲು ತೆರೆಯಲಿಲ್ಲ. ಅದರ ಮರುದಿನವೂ ಇಲ್ಲ. ಅಲೀಡಾ ಮೂರು ಮೈಲಿ ನಡೆದು ಪಕ್ಕದೂರಿನ ಬ್ರೆಡ್ ತರುತ್ತಿದ್ದಾಳೆಂದು ಓದೀಲ್ ಹೇಳಿದ. "ಯಾವುದೋ ಜೇನುಗೂಡಿಗೆ ಕೈ ಹಾಕಿದೀಯ, ಸಿಡೋನಿ," ಎಂದ.

ಸಿಡೋನಿ ತನ್ನ ಮನಸ್ಸಿನಲ್ಲೇ ತೀರ್ಮಾನಿಸಿದಳು: ಕೋರ್ಟಿನಲ್ಲಿ ಇನ್ನು ಬಾಯಿ ತೆರೆಯುವುದಿಲ್ಲ. ತನಗೆ ತಿಳಿಯಬೇಕಾದದ್ದು ತಿಳಿಯಿತು. ಬೇರೆಯವರಿಗೆ ಹೇಳುವುದು ತನ್ನ ಕೆಲಸವಲ್ಲ. ಆದರೆ ಸುಮ್ಮನಿದ್ದರೆ ಬ್ಲಾಂಶಳ ಜಾಗದಲ್ಲಿ ತಾನು ಕುಳಿತು ಏನು ಬಂತು ಎಂದೂ ಅನ್ನಿಸುತ್ತಿತ್ತು. ಈಸ್ಟರ್ ಕಳೆಯುವವರೆಗೂ ಅವಳು ಮೌರಿತ್ಸ್‌ಗಿಂತ ಕಡಿಮೆ ಮಾತಾಡಿದಳು. ಮೌರಿತ್ಸ್ ಹೆದರಿ ಡಾಕ್ಟರನ್ನು ಕರೆಸಲೇ ಎಂದು ಕೇಳಿದ.

ಎರಡನೆಯ ಸಲ ಕೂಡಿದಾಗ ಜಡ್ಜಿನ ನೆಗಡಿ ವಾಸಿಯಾಗಿತ್ತು. ಅಲೀಡಾ ಲೀವಳ ಕೈಹಿಡಿದು ಹೊರಗಿನ ಬೆಂಚಿನ ಮೇಲೆ ಕುಳಿತಿದ್ದಳು; ಬಾಗಿಲನ್ನು ಪೂರ್ತಿ ಮುಚ್ಚಲು ಬಿಟ್ಟಿರಲಿಲ್ಲ. ಜಡ್ಜ್ ಮಾತು ತೆಗೆಯುವ ಮೊದಲೇ ಸಿರೀಲ್ ಎದ್ದು ನಿಂತ.

"ಕೊಳ್ತಾ ಇರೋದು ಗಾಸ್ಟನ್ ಅಲ್ಲ ಸ್ವಾಮಿ. ನಾನು."

ದಾಯಾದಿಗಳು ಒಬ್ಬರ ಮುಖ ಒಬ್ಬರು ನೋಡಿಕೊಂಡರು.

"ಅವನು ಕೊಂಡು, ಆಮೇಲೆ ನನ್ನ ಹೆಸರಿಗೆ ಬರೆದುಕೊಡೋದು ಅಂತ ಮಾತಾಗಿತ್ತು. ನನ್ನ ಹೊಲ ಮಾರಿ ದುಡ್ಡು ಹೊಂದಿಸೋನಿದ್ದೆ. ಒಂದು ಕಾಸೂ ಕಡಿಮೆ ಕೊಡ್ತಿರಲಿಲ್ಲ. ನಮ್ಮಪ್ಪ ಹೋದಾಗ ನಾನೂ ಜೆರೋಮನೂ ಚೀಟಿ ಎತ್ತಿದ್ವಿ. ಮನೆ ಅವನಿಗೆ ಬಂತು, ಹೊಲ ನನಗೆ ಬಂತು. ನಾನು ಅವತ್ತಿಂದ..." ಅವನು ಟೋಪಿಯನ್ನು ತಿರುಗಿಸಿದ. "ಕೆಲಸಕ್ಕೆ ಹೋಗೋವಾಗ ದಿನಾ ಆ ಸೇತುವೆ ದಾಟಬೇಕು ಸ್ವಾಮಿ. ಹೆಂಡತಿಗೂ ಹೇಳಿರಲಿಲ್ಲ. ಗೊತ್ತಾದ ಮೇಲೆ, ನೀವು ಹೇಳ್ತೀರೋ ನಾನು ಹೋಗಿ ಹೇಳ್ಲೋ ಅಂದಳು. ಅದಕ್ಕೆ ಹೇಳ್ತಿದೀನಿ."

ಬಾಗಿಲ ಸಂದಿಯಲ್ಲಿ ಅಲೀಡಾಳ ಕಪ್ಪು ಟೋಪಿ ಅಲುಗಾಡಿತು.

ಜಡ್ಜ್ ಕೋಪ ಮಾಡಿಕೊಳ್ಳಲಿಲ್ಲ. "ಪಾಲಕನಾದವನು ತಾನು ಸಾಕುವ ಮಗುವಿನ ಆಸ್ತಿಯನ್ನು ಕೊಳ್ಳುವ ಹಾಗಿಲ್ಲ, ಸಿರೀಲ್ ಅವರೇ. ತನ್ನ ಹೆಸರಲ್ಲಾಗಲಿ, ಬೇರೆಯವರ ಹೆಸರಲ್ಲಾಗಲಿ."

"ಹೆಚ್ಚು ಕೊಟ್ಟರೂ?"

"ಹೆಚ್ಚು ಕೊಟ್ಟರೂ. ನೀವು ಹೆಚ್ಚು ಕೊಡ್ತೀರಿ. ನಾಳೆ ಇದೇ ಕುರ್ಚಿಗೆ ಬರೋನು ಮಾಡು ಸೋರುತ್ತೆ, ಬಾವಿ ಕೆಟ್ಟಿದೆ ಅಂತ ತಾನೇ ಹೇಳಿ ಅರ್ಧಕ್ಕೆ ಹೊಡ್ಕೋತಾನೆ. ಮಾರೋನೂ ಅವನೇ, ಕೊಳ್ಳೋನೂ ಅವನೇ ಆದ್ರೆ ಮಗುವಿನ ಪರ ಯಾರು ಮಾತಾಡಬೇಕು?" ಅವರು ಮುಂದಕ್ಕೆ ಬಾಗಿದರು. "ನಿಮಗೆ ಮನೆ ಬೇಕೇ ಬೇಕು ಅಂದ್ರೆ ಒಂದು ದಾರಿ ಇದೆ. ಪಾಲಕ ಬೇರೆಯವರಾಗಲಿ. ಹುಡುಗಿ ಅವರ ಮನೆಗೆ ಹೋಗಲಿ. ಮನೆ ಹರಾಜಿಗೆ ಬರಲಿ, ಎಲ್ಲರ ಹಾಗೆ ನೀವೂ ನಿಂತು ಕೂಗಿ."

ಒಲೆಯಲ್ಲಿ ಕಲ್ಲಿದ್ದಲು ಕುಸಿದ ಸದ್ದು ಕೇಳಿಸಿತು. ಸಿರೀಲ್ ಟೋಪಿಯ ಒಳಗನ್ನೇ ನೋಡುತ್ತ ನಿಂತಿದ್ದ. ಉತ್ತರ ಅಲ್ಲಿ ಬರೆದಿದೆಯೋ ಏನೋ ಎನ್ನುವಂತೆ. ಸಿಡೋನಿ ಅವನ ಮುಖವನ್ನು ಬಿಟ್ಟಗಣ್ಣಿನಿಂದ ನೋಡಿದಳು. ಅವನು ಏನು ಹೇಳುತ್ತಾನೆಂದು ಅವಳಿಗೆ ನಿಜವಾಗಿಯೂ ಗೊತ್ತಿರಲಿಲ್ಲ. ಅವನಿಗೂ ಗೊತ್ತಿಲ್ಲವೆಂದು ಕಾಣುತ್ತಿತ್ತು.

"ಹುಡುಗೀನ ಕೊಡಲ್ಲ," ಎಂದ ಸಿರೀಲ್ ಕೊನೆಗೆ. ದನಿ ಒರಟಾಗಿತ್ತು. "ಮನೆ ಯಾರಿಗಾದ್ರೂ ಹೋಗಲಿ."

"ಹಾಗಾದ್ರೆ ಹರಾಜು," ಎಂದು ಜಡ್ಜ್ ಪೆನ್ನು ಎತ್ತಿಕೊಂಡರು.

ಬಾಯಿ ತೆರೆಯುವುದಿಲ್ಲವೆಂದು ಸಿಡೋನಿ ಮಾಡಿಕೊಂಡಿದ್ದ ತೀರ್ಮಾನ ಅಲ್ಲಿಗೆ ಮುರಿದುಬಿತ್ತು. "ಸ್ವಾಮಿ, ಕೊಳ್ಳೋ ಹಾಗಿಲ್ಲ, ಸರಿ. ಬಾಡಿಗೆಗೆ ಇರಬಹುದಾ?"

ಓದೀಲ್ ಜೋರಾಗಿ ಉಸಿರು ಬಿಟ್ಟ. ಜಡ್ಜ್ ಪೆನ್ನು ಕೆಳಗಿಟ್ಟು ನಗತೊಡಗಿದರು. "ಅಮ್ಮಾ, ಕಾನೂನಿನ ಅದೇ ಕಲಮಿನ ಮುಂದಿನ ಸಾಲು ಅದು. ನಾನು ಅಲ್ಲಿಗೆ ಇನ್ನೂ ಬಂದಿರಲಿಲ್ಲ. ಬಾಡಿಗೆಗೂ ಇರುವ ಹಾಗಿಲ್ಲ. ಆದರೆ ನೀವು ಆರು ಜನ ಒಪ್ಪಿದರೆ ಇರಬಹುದು. ಆಗ ಕರಾರಿಗೆ ಸಹಿ ಹಾಕೋದು, ಬಾಡಿಗೆ ಸರಿಯಾಗಿ ಬರ್ತಿದೆಯಾ ಅಂತ ನೋಡೋದು ಎಲ್ಲ ಮೇಲ್ವಿಚಾರಕನ ಕೆಲಸ. ಅಂದ್ರೆ ಓದೀಲ್ ಅವರದು."

"ನನ್ನ ಕೈಲಾಗಲ್ಲ," ಎಂದ ಓದೀಲ್ ತಕ್ಷಣ. "ಕೇಳಿದೋಳು ಅವಳು. ಅವಳೇ ಮಾಡ್ಲಿ. ತಾಯಿ ಕಡೆಯೋರೇ ಆಗಬೇಕು ತಾನೆ? ಅವಳೂ ತಾಯಿ ಕಡೆಯೋಳೇ."

ಯಾರಿಗೂ ಅಡ್ಡಿಯಿರಲಿಲ್ಲ. ಮಾಡು ಹೊದಿಸುವುದು ಬಾಡಿಗೆದಾರನ ಹೊಣೆ, ಬಾಡಿಗೆ ಬ್ಯಾಂಕಿನಲ್ಲಿ ಹುಡುಗಿಯ ಹೆಸರಿಗೆ, ಅವಳಿಗೆ ಇಪ್ಪತ್ತೊಂದು ತುಂಬುವ ತನಕ ಮಾರಾಟದ ಮಾತಿಲ್ಲ ಎಂದು ತೀರ್ಮಾನವಾಯಿತು. ಕುತೂಹಲ ಬಿಟ್ಟರೆ ಬೇರೇನನ್ನೂ ತಂದಿರದ ಸಿಡೋನಿ, ವ್ಯೂರ್ನದಿಂದ ಮನೆಗೆ ಹೊರಟಾಗ ಒಂದು ಮನೆಯ ಮತ್ತು ಒಂದು ಮಗುವಿನ ಅರ್ಧ ಹೊಣೆಯನ್ನು ಹೊತ್ತುಕೊಂಡಿದ್ದಳು. ಹೊರಗಿನ ಬೆಂಚಿನ ಹತ್ತಿರ ಅಲೀಡಾ ಅವಳನ್ನು ತಡೆದಳು.

"ನಾಳೆಯಿಂದ ಬ್ರೆಡ್ ಹಾಕಿ," ಎಂದಳು. "ಆ ಪಕ್ಕದೂರಿಂದು ಬ್ರೆಡ್ಡಲ್ಲ, ಇಟ್ಟಿಗೆ."

ಮೇ ತಿಂಗಳಿನಲ್ಲಿ ಮೂವರೂ ಸೇತುವೆಯ ಮನೆಗೆ ಬಂದರು. ಊರಿಗೆ ಅದೊಂದು ದೊಡ್ಡ ತಮಾಷೆ. ಐವತ್ತು ದಾಟಿದ ಬಾಡಿಗೆದಾರ, ಒಂಬತ್ತು ವರ್ಷದ ಮನೆಯೊಡತಿ. ಡೇರಿಯಲ್ಲಿ ಸಿರೀಲನನ್ನು ಕಂಡವರೆಲ್ಲ ಕೇಳುವವರೇ: "ಏನಪ್ಪಾ, ನಿನ್ನ ಓನರ್ ಶಾಲೆಯಿಂದ ಬಂದ್ರಾ?" ಲೀವ ಇದನ್ನು ಬಹಳ ಗಂಭೀರವಾಗಿ ತೆಗೆದುಕೊಂಡಳು. ಸಿಡೋನಿ ಬಾಡಿಗೆಗೆ ಬರುವ ದಿನ ಕೈ ತೊಳೆದು, ಜಡೆ ಬಿಗಿಮಾಡಿಕೊಂಡು, ಅಡುಗೆಮನೆಯ ಮೇಜಿನ ತುದಿಯಲ್ಲಿ ಕೂರುವಳು.

"ದೊಡ್ಡಪ್ಪ ಕೊಟ್ರಾ?"

"ಕೊಟ್ರು."

"ಪೂರ್ತಿ?"

"ಪೂರ್ತಿ."

"ಹಾಗಿದ್ರೆ ಇನ್ನೊಂದು ತಿಂಗಳು ಇರಬಹುದು," ಎಂದು ಹೇಳಿ ಇಳಿದು ಹೋಗುವಳು. ಸಿರೀಲ್ ಪೈಪ್ ಕಚ್ಚಿಕೊಂಡು ಗೋಡೆಯ ಕಡೆ ತಿರುಗುತ್ತಿದ್ದ, ನಗು ಕಾಣಬಾರದೆಂದು. ಒಂದು ಸಲ ಅಲೀಡಾ ಪಾತ್ರೆ ತೊಳೆ ಎಂದದ್ದಕ್ಕೆ ಹುಡುಗಿ, "ಮನೆ ನಂದು," ಎಂದುಬಿಟ್ಟಳು. "ಮನೆ ನಿಂದು, ತಟ್ಟೆ ನಂದು. ತೊಳಿ," ಎಂದಳು ಅಲೀಡಾ. ಹುಡುಗಿ ಯೋಚಿಸಿ ನೋಡಿ ತೊಳೆದಳು.

ಸಿಡೋನಿ ತಿಂಗಳಿಗೊಮ್ಮೆ ಆ ಮನೆಯನ್ನು ಮಾಡಿನಿಂದ ನೆಲಮಾಳಿಗೆಯವರೆಗೆ ನೋಡುತ್ತಿದ್ದಳು. ಅದು ಅವಳ ಕರ್ತವ್ಯವೂ ಹೌದು, ಸುಖವೂ ಹೌದು. ಸಿರೀಲ್ ಹೊದಿಸಿದ ಹೊಸ ಹೆಂಚನ್ನು ನೋಡುವಳು. ಯಾವ ಮಂಚ ಯಾವ ಮೂಲೆಗೆ ಹೋಯಿತು, ಯಾಕೆ ಹೋಯಿತು ಎಂದು ಕೇಳುವಳು. ಮೊದಮೊದಲು ಸಿರೀಲ್ ಅವಳ ಜೊತೆ ಮಾತಾಡುತ್ತಿರಲಿಲ್ಲ. ಬಾಡಿಗೆಯನ್ನು ಮೇಜಿನ ಮೇಲಿಟ್ಟು ಹಿತ್ತಿಲಿಗೆ ಹೋಗಿಬಿಡುವನು. ಎರಡನೆಯ ಚಳಿಗಾಲದಲ್ಲಿ ಒಂದು ದಿನ, ಅವಳು ಹೊರಡುವಾಗ, ಕಾಗದದಲ್ಲಿ ಸುತ್ತಿದ ಪಿಯರ್ ಹಣ್ಣುಗಳನ್ನು ಗಾಡಿಯ ಮೇಲಿಟ್ಟ. "ಆವತ್ತು ಕೇಳಿದ್ಯಲ್ಲ, ಯಾರಿಗೆ ಕಾಯಿ ಬಿಡುತ್ತೆ ಅಂತ," ಎಂದು ಹೇಳಿ ಒಳಗೆ ಹೋದ. ಅಂದಿನಿಂದ ಕಾಫಿಯ ಬಟ್ಟಲು ಅವಳಿಗೂ ಬರುತ್ತಿತ್ತು.

ವರ್ಷಗಳು ಹಾಗೇ ಸರಿದವು. ಕುದುರೆ ಸತ್ತು, ಮೌರಿತ್ಸ್ ಬೂದು ಬಣ್ಣದ ಹಳೆಯ ವ್ಯಾನು ಕೊಂಡ. ಓದೀಲ್ ಕುಲುಮೆ ಮುಚ್ಚಿ ಟ್ರಾಕ್ಟರ್ ರಿಪೇರಿಗೆ ಇಳಿದ. ಲೀವ ಎತ್ತರ ಬೆಳೆದಳು. ಗೊಂಬೆಯ ಕೂದಲು ಬಿಟ್ಟು ಗೆಳತಿಯರ ಕೂದಲಿಗೆ ಬಂದಳು. ಭಾನುವಾರ ಚರ್ಚಿಗೆ ಮುಂಚೆ ಸೇತುವೆಯ ಮನೆಯಲ್ಲಿ ನಾಲ್ಕೈದು ಹುಡುಗಿಯರ ತಲೆ ತಯಾರಾಗುತ್ತಿತ್ತು. ಆಮೇಲೆ ರೂಸೆಲಾರ ಪಟ್ಟಣದ ಒಂದು ಪಾರ್ಲರಿನಲ್ಲಿ ಕೆಲಸಕ್ಕೆ ಸೇರಿದಳು. ಪಾರ್ಲರಿನ ಯಜಮಾನಿಗೆ ವಯಸ್ಸಾಗಿತ್ತು. ಅಂಗಡಿಯನ್ನು ಲೀವಳಿಗೇ ಮಾರುವ ಮನಸ್ಸಿತ್ತು.

ಇಪ್ಪತ್ತೊಂದು ತುಂಬಿದ ವಾರ ಲೀವ ಊರಿಗೆ ಬಂದು ಸಿಡೋನಿಯನ್ನೂ ಕರೆಸಿದಳು. ಅಡುಗೆಮನೆಯ ಅದೇ ಮೇಜು. ನಾಲ್ಕು ಬಟ್ಟಲು ಕಾಫಿ.

"ದೊಡ್ಡಪ್ಪ," ಎಂದಳು ಲೀವ, "ನನಗೆ ಅಂಗಡಿಗೆ ಹಣ ಬೇಕು. ಮನೆ ಮಾರಬೇಕು ಅಂತಿದೀನಿ. ಈಗ ನೀವು ನನ್ನ ಪಾಲಕ ಅಲ್ಲ. ಯಾವ ಕೋರ್ಟೂ ಅಡ್ಡ ಬರಲ್ಲ. ಮೊದಲು ನಿಮ್ಮನ್ನೇ ಕೇಳಬೇಕು ಅಂತ ಬಂದೆ. ನೀವೇ ತಗೊಳ್ಳಿ."

ಸಿಡೋನಿ ಬಟ್ಟಲು ಕೆಳಗಿಟ್ಟಳು. ಹನ್ನೆರಡು ವರ್ಷ ಅವಳು ಈ ಘಳಿಗೆಗೆ ಕಾದಿದ್ದಳು. ಸಿರೀಲನ ಕಣ್ಣು ತುಂಬುತ್ತದೆಯೋ, ಅವನು ಎದ್ದು ಹೋಗಿ ಗೋಡೆ ಮುಟ್ಟುತ್ತಾನೋ ಎಂದು ಎಷ್ಟೋ ಸಲ ಊಹಿಸಿದ್ದಳು.

ಸಿರೀಲ್ ಕಾಫಿ ಕಲಕಿದ. "ನನಗೆ ಬೇಡಮ್ಮ," ಎಂದ.

"ಏನು?" ಎಂದವರು ಲೀವ, ಸಿಡೋನಿ ಇಬ್ಬರೂ.

"ನೋಡಿ, ಬೇಡ್ವಂತೆ!" ಎಂದಳು ಅಲೀಡಾ. "ಮೂರು ವರ್ಷದಿಂದ ಹೇಳ್ತಿದಾರೆ. ನಿಮ್ಮ ಮುಂದೆ ಹೇಳೋಕೆ ನಾಚಿಕೆ ಅಷ್ಟೇ."

"ಯಾಕೆ?" ಎಂದು ಕೇಳಿದಳು ಸಿಡೋನಿ. ಆಯುಷ್ಯದಲ್ಲಿ ಅವಳು ಕೇಳಿದ ಪ್ರಶ್ನೆಗಳಲ್ಲೆಲ್ಲ ಇದೇ ಹೆಚ್ಚು ಪ್ರಾಮಾಣಿಕವಾದದ್ದು.

ಸಿರೀಲ್ ಕಿಟಕಿಯ ಕಡೆ ನೋಡಿದ. "ಇದು ತಣ್ಣನೆ ಮನೆ ಸಿಡೋನಿ. ನದಿ ಕಡೆ ಗೋಡೆಯಲ್ಲಿ ಸದಾ ಒದ್ದೆ. ಚಿಮಣಿ ಸರಿಯಾಗಿ ಹೊಗೆ ಎಳೆಯಲ್ಲ. ನಾನು ಹದಿನಾಲ್ಕಕ್ಕೇ ಬೇರೆಯವರ ಮನೆಗೆ ಆಳಾಗಿ ಹೋದೋನು. ನನ್ನ ತಲೆಯಲ್ಲಿ ಇದು ಬೆಚ್ಚಗಿತ್ತು. ಯಾಕೆ ಬೆಚ್ಚಗಿತ್ತು ಅಂತ ಇಲ್ಲಿಗೆ ಬಂದ ಮೊದಲನೇ ಚಳಿಗಾಲದಲ್ಲೇ ಗೊತ್ತಾಯ್ತು. ನಾವು ಹುಡುಗರು ಏಳೋಕೆ ಮುಂಚೆ ಅಮ್ಮ ಎದ್ದು ಒಲೆ ಹಚ್ಚಿರ್ತಿದ್ದಳು." ಅವನು ಒಂದು ಗುಟುಕು ಕುಡಿದ. "ಹನ್ನೆರಡು ವರ್ಷದಿಂದ ಹಚ್ಚೋನು ನಾನು. ಸಾಕಾಗಿದೆ. ಚರ್ಚಿನ ಹಿಂದೆ ಹೊಸ ಮನೆಗಳು ಎದ್ದಿವೆಯಲ್ಲ, ಗ್ಯಾಸ್ ಒಲೆ ಇರೋವು, ಬಾಡಿಗೆಗೆ ಒಂದು ಹೇಳಿದೀನಿ."

ಲೀವ ಮೊದಲು ನಕ್ಕಳು. ಆಮೇಲೆ ಅಲೀಡಾ. ಸಿಡೋನಿ ಮಾತ್ರ ನಗಲಿಲ್ಲ. ಅವನ ಮುಖವನ್ನೇ ನೋಡುತ್ತಿದ್ದಳು. ಆವತ್ತು ಏಣಿಯ ಮೇಲೆ ನಿಂತು ಗಂಟು ಬಿಚ್ಚಿ ಬಿಚ್ಚಿ ಕಟ್ಟುತ್ತಿದ್ದ ಮನುಷ್ಯ ಇವನೇ. ಆವತ್ತಿನದೂ ಸುಳ್ಳಲ್ಲ, ಇವತ್ತಿನದೂ ಸುಳ್ಳಲ್ಲ.

"ಆವತ್ತೇ ಕೊಂಡಿದ್ರೆ?" ಎಂದಳು.

"ಹೊಲಾನೂ ಹೋಗ್ತಿತ್ತು, ಮನೆ ಚೆನ್ನಾಗಿದೆ ಅಂತ ಸಾಯೋವರೆಗೂ ಸುಳ್ಳು ಹೇಳ್ಕೊಂಡಿರಬೇಕಾಗ್ತಿತ್ತು," ಎಂದ ಸಿರೀಲ್.

ಮನೆಯನ್ನು ಬ್ರಸೆಲ್ಸಿನ ಒಬ್ಬ ಮಾಸ್ತರರೂ ಅವರ ಹೆಂಡತಿಯೂ ರಜೆಯಲ್ಲಿ ಬಂದಿರಲು ಕೊಂಡರು. ಅವರಿಗೆ ನದಿ ಇಷ್ಟವಾಯಿತು; ಒದ್ದೆ ಗೋಡೆಯ ವಿಷಯ ಇನ್ನೂ ತಿಳಿದಿರಲಿಲ್ಲ. ಅದನ್ನು ಲೀವಳೇ ಅವರಿಗೆ ಮುಂಚಿತವಾಗಿ ಹೇಳಿದಳು. ಅದಕ್ಕೆ ಬೆಲೆಯನ್ನೂ ಸ್ವಲ್ಪ ಇಳಿಸಿಕೊಂಡಳು. ಕ್ರಯಪತ್ರದ ದಿನ ಸಿಡೋನಿ ಜೊತೆಗೆ ಹೋಗಿದ್ದಳು. ನೋಟರಿ ಓದಿ ಮುಗಿಸಿ ಪೆನ್ನು ಮುಂದಿಟ್ಟಾಗ ಲೀವ ಸುತ್ತ ನೋಡಿದಳು. "ಬೇರೆ ಯಾರದ್ದೂ ಒಪ್ಪಿಗೆ ಬೇಡ್ವಾ?" ಎಂದು ಕೇಳಿದಳು. ಬೇಡ, ನಿಮ್ಮದೊಂದೇ ಸಾಕು ಎಂದರು ನೋಟರಿ. ಅವಳು ಪೆನ್ನು ಹಿಡಿದುಕೊಂಡು ಬಹಳ ಹೊತ್ತು ಕುಳಿತಳು. ಯಾರೂ ಅವಸರ ಮಾಡಲಿಲ್ಲ. ಆಮೇಲೆ ಬರೆದಳು.

ಅಂಗಡಿ ಶರತ್ಕಾಲದಲ್ಲಿ ತೆರೆಯಿತು. ರೂಸೆಲಾರದ ಸ್ಟೇಷನ್ ರಸ್ತೆಯಲ್ಲಿ, ಔಷಧಿ ಅಂಗಡಿಯ ಪಕ್ಕ. ಎರಡು ಕನ್ನಡಿ, ಮೂರು ಕುರ್ಚಿ, ಜರ್ಮನಿಯಿಂದ ತರಿಸಿದ, ತಲೆಯ ಮೇಲೆ ಗಂಟೆಯ ಹಾಗೆ ಇಳಿಯುವ ಕೂದಲು ಒಣಗಿಸುವ ಯಂತ್ರ. ಮೊದಲ ಶನಿವಾರ ಸಿಡೋನಿ ವ್ಯಾನಿನಲ್ಲಿ ಬಂದಳು. ಒಣದ್ರಾಕ್ಷಿಯ ದೊಡ್ಡ ಬ್ರೆಡ್ಡು ತಂದಿದ್ದಳು. ಲೀವ ಅವಳ ತಲೆ ತೊಳೆದು, ಸುರುಳಿ ಕಟ್ಟಿ, ಯಂತ್ರದ ಕೆಳಗೆ ಕೂರಿಸಿದಳು.

ಪಕ್ಕದ ಎರಡು ಕುರ್ಚಿಗಳಲ್ಲಿ ಸಿಡೋನಿ ಎಂದೂ ನೋಡಿರದ ಇಬ್ಬರು ಹೆಂಗಸರು ಕುಳಿತಿದ್ದರು. ಒಬ್ಬಳು ಏನೋ ಹೇಳುತ್ತಿದ್ದಳು. ಇನ್ನೊಬ್ಬಳು ಕೈಯಿಂದ ಬಾಯಿ ಮುಚ್ಚಿಕೊಂಡಳು. ಹೇಳುತ್ತಿದ್ದವಳು ಕಣ್ಣೊರೆಸಿಕೊಂಡಳು, ಮತ್ತೆ ನಕ್ಕಳು, ಮತ್ತೆ ಹೇಳಿದಳು. ಯಂತ್ರದ ಭರ್ರೋ ಸದ್ದಿನಲ್ಲಿ ಸಿಡೋನಿಗೆ ಒಂದು ಅಕ್ಷರವೂ ಕೇಳಿಸಲಿಲ್ಲ. ಅವಳು ಲೀವಳ ಏಪ್ರನ್ ಹಿಡಿದು ಎಳೆದಳು.

"ಇದನ್ನ ಸ್ವಲ್ಪ ಮೇಲೆತ್ತೇ," ಎಂದಳು. "ಬೇಗ!"